ನಗಿಸಲೆಂದು ನಗರ ಕಟ್ಟಿದವನು

ಪ್ಯಾರಿಸ್ ಮಹಾನಗರದ ಆಗ್ನೇಯದ ಅಂಚಿನಲ್ಲಿ, ಸ್ಯಾಂ ಮೊರೀಸ್ ಎಂಬ ಎಡೆಯಲ್ಲಿ, 1964ರಲ್ಲಿ ಒಂದು ಹೊಸ ಊರು ತಲೆಯೆತ್ತತೊಡಗಿತು. ಸುಮಾರು ನೂರು ಮಂದಿ ಕೆಲಸಗಾರರು ತಿಂಗಳುಗಟ್ಟಲೆ ದುಡಿದರು. ಡಾಂಬರು ಹಾಕಿದ ಬೀದಿಗಳಾದುವು, ಬೀದಿದೀಪಗಳು ಬಂದುವು, ಉಕ್ಕು ಗಾಜುಗಳ ಭವನಗಳು ಸಾಲಾಗಿ ನಿಂತುವು; ಚಲಿಸುವ ಮೆಟ್ಟಿಲೂ ಬಂದಿತು. ಊರಿಗೆಂದೇ ಪ್ರತ್ಯೇಕವಾದ ವಿದ್ಯುದಾಗಾರವೂ ಏರ್ಪಾಡಾಯಿತು. ಇಷ್ಟೆಲ್ಲ ಇದ್ದ ಆ ಊರಿನಲ್ಲಿ ಇಲ್ಲದಿದ್ದುದು ಒಂದೇ: ಅಲ್ಲಿ ಒಬ್ಬನೂ ವಾಸಮಾಡಲಿಲ್ಲ. ಕಟ್ಟಡಗಳಲ್ಲಿ ಕೆಲವಕ್ಕೆ ಮುಖವಿತ್ತು, ಬೆನ್ನಿರಲಿಲ್ಲ. ದೂರದ ಕಿಟಕಿಗಳಲ್ಲಿ ನಿಂತು ನೋಡುತ್ತಿದ್ದ ಜನರಲ್ಲಿ ಎಷ್ಟೋ ಮಂದಿ ಕತ್ತರಿಸಿ ನಿಲ್ಲಿಸಿದ ಭಾವಚಿತ್ರಗಳು! ಪತ್ರಿಕೆಗಳವರು ಇದಕ್ಕೆ ‘ತಾತಿವಿಲ್’, ಎಂದರೆ ತಾತಿಪುರ, ಎಂದು ನಾಮಕರಣ ಮಾಡಿದರು.

ಇದನ್ನು ಕಟ್ಟಿಸಿದವನು ರಾಜನಲ್ಲ, ಕೋಟ್ಯಧೀಶನಲ್ಲ. ಜನರನ್ನು ನಗಿಸುವುದೇ ಕಸುಬಾಗಿದ್ದ ಒಬ್ಬ ಚಲಚ್ಚಿತ್ರ ನಟ. ಹೆಸರು ಜಾಕ್ ತಾತಿ. ತನ್ನ ಚಿತ್ರಗಳನ್ನು ತಾನೇ ಬರೆದು, ತಾನೇ ನಿರ್ದೇಶಿಸಿ, ತಾನೇ ಮುಖ್ಯ ಪಾತ್ರವನ್ನು ಧರಿಸುತ್ತಿದ್ದ ಆತನು ಇಪ್ಪತ್ತೈದು ವರ್ಷಗಳಲ್ಲಿ ತಯಾರಿಸಿದ ಪೂರ್ಣಪ್ರಮಾಣದ ಚಿತ್ರಗಳು ಆರೇ ಆರು. ನಮ್ಮಲ್ಲಿ ಒಂದು ವರ್ಷಕ್ಕೆ ಆರು ಚಿತ್ರಗಳಲ್ಲಿ ನಟಿಸಿದವರುಂಟು. ಆದರೂ ಆ ಆರರ ಪೈಕಿ ಕನಿಷ್ಠ ಮೂರನ್ನು ಬಿಟ್ಟು ವಿನೋದಚಿತ್ರಗಳ ಇತಿಹಾಸವನ್ನು ಯಾರೂ ಬರೆಯಲಾರರು.

ಜಾಕ್ ತಾತಿಷೆಫ್ ಎಂಬುದು ಆತನ ಪೂರ್ಣನಾಮ. ಹುಟ್ಟಿದ್ದು 1907ರಲ್ಲಿ, ಪ್ಯಾರಿಸ್ಸಿನ ಸಮೀಪದ ಲ ಪೆಕ್ ಎಂಬ ಊರಿನಲ್ಲಿ. ತಂದೆಯ ಕಡೆಯ ಅಜ್ಜ ರಷ್ಯಾದ ಶ್ರೀಮಂತ ಮನೆತನದ ಸೇನಾಧಿಕಾರಿ. ತಾಯಿಯ ತಂದೆ ಡಚ್ ದೇಶದವನು, ಪ್ಯಾರಿಸ್ಸಿನಲ್ಲಿ ಚಿತ್ರಪಟಗಳಿಗೆ ಕಟ್ಟು ಹಾಕುವ ಪ್ರಸಿದ್ಧ ಅಂಗಡಿಯ ಯಜಮಾನ. ಹುಡುಗ ಓದಿನಲ್ಲಿ ಹಿಂದೆ, ಎತ್ತರದಲ್ಲಿ ಮಾತ್ರ ಮುಂದೆ: ಆರಡಿ ಮೀರಿ ಬೆಳೆದನು. ಅಂಗಡಿಯಲ್ಲಿ ಕುಳಿತು ಕಟ್ಟಿನ ಕೆಲಸವನ್ನು ಕಲಿಯಲೆಂಬುದು ಹಿರಿಯರ ಅಪೇಕ್ಷೆ. ಅಶ್ವದಳದಲ್ಲಿ ಸೈನಿಕಶಿಕ್ಷಣ ಮುಗಿಸಿ ಬಂದ ಜಾಕ್ ಅಂಗಡಿಗಿಂತ ರಗ್ಬಿ ಮೈದಾನವನ್ನೇ ಹೆಚ್ಚು ಪ್ರೀತಿಸಿದನು. ಪಂದ್ಯ ಮುಗಿದ ಮೇಲೆ ಆಟಗಾರರು ಒಟ್ಟಿಗೆ ಸೇರಿದಾಗ ಆ ದಿನದ ಆಟವನ್ನೆಲ್ಲ ಒಬ್ಬನೇ ಅಭಿನಯಿಸಿ ತೋರಿಸುತ್ತಿದ್ದನಂತೆ. ಚೆಂಡು ಹಿಡಿಯುವವನೂ ತಾನೇ, ಜಾರಿಬೀಳುವವನೂ ತಾನೇ, ಸೀಟಿ ಊದುವವನೂ ತಾನೇ. ಗೆಳೆಯರು ಹೊಟ್ಟೆ ಹಿಡಿದುಕೊಂಡು ನಕ್ಕರು. ಚೌಕಟ್ಟಿನ ಅಂಗಡಿಗೆ ಅಲ್ಲಿಗೆ ಉತ್ತರಾಧಿಕಾರಿ ತಪ್ಪಿದಂತಾಯಿತು.

ಮೂಕಾಭಿನಯವನ್ನು ವೃತ್ತಿಯಾಗಿ ಹಿಡಿದು ಸಂಗೀತಶಾಲೆಗಳ ರಂಗದ ಮೇಲೆ ತಾತಿ ಮಾಡುತ್ತಿದ್ದುದು ಇದನ್ನೇ. ಟೆನಿಸ್ ಆಡುವವನು, ಗೋಲು ಕಾಯುವವನು, ಗಾಳ ಹಾಕಿ ಮೀನಿಗಾಗಿ ಕಾಯುವವನು, ಮುಷ್ಟಿಯುದ್ಧದವನು, ಕುದುರೆ ಸವಾರ, ಎಲ್ಲವೂ ಬರಿಗೈಯಲ್ಲಿ. ಫ್ರಾನ್ಸಿನ ಹೆಸರಾಂತ ಲೇಖಕಿ ಕೊಲೆತ್ 1936ರಲ್ಲಿ ಈ ಪ್ರದರ್ಶನವನ್ನು ನೋಡಿ ಬೆರಗಾಗಿ ಪತ್ರಿಕೆಯಲ್ಲಿ ಬರೆದಳು. ಒಂದೇ ದೇಹದಲ್ಲಿ ಕುದುರೆಯನ್ನೂ ಸವಾರನನ್ನೂ ಕಂಡೆನೆಂದು ಆಕೆಯ ಮೆಚ್ಚುಗೆ. ನಮ್ಮ ಯಕ್ಷಗಾನದಲ್ಲಿ ಇಲ್ಲದ ರಥವನ್ನು ಹತ್ತಿ ಇಳಿಯುವ ವೇಷಧಾರಿಯನ್ನು ಕಂಡವರಿಗೆ ಇದರ ಸೊಗಸು ಕೂಡಲೇ ಮನವರಿಕೆಯಾದೀತು.

ಅಷ್ಟರಲ್ಲಿ ಎರಡನೆಯ ಮಹಾಯುದ್ಧ ಬಂತು. ತಾತಿಯೂ ಸೈನ್ಯಕ್ಕೆ ಹೋದನು. ಜರ್ಮನರು ಫ್ರಾನ್ಸನ್ನು ಆಕ್ರಮಿಸಿಕೊಂಡಿದ್ದ ಕಾಲದಲ್ಲಿ, 1943ರ ಸುಮಾರಿಗೆ, ಗೆಳೆಯ ಆನ್ರಿ ಮಾರ್ಕೆಯೊಡನೆ ದೇಶದ ಒಳನಾಡಿನ ಸ್ಯಾಂತ್ ಸೆವೇರ್ ಎಂಬ ಹಳ್ಳಿಯಲ್ಲಿ ಕೆಲಕಾಲ ತಂಗಿದ್ದನು. ಹಳ್ಳಿಯ ಚೌಕ, ಕೋಳಿಗಳು, ಅಂಚೆಯವ, ಬಾಗಿದ ಮುದುಕಿಯರು ಇವೆಲ್ಲ ಮನಸ್ಸಿನಲ್ಲಿ ಉಳಿದುವು. ಯುದ್ಧ ಮುಗಿದ ಮೇಲೆ, 1947ರಲ್ಲಿ, ಚಿತ್ರೀಕರಣದ ತಂಡದೊಡನೆ ಅದೇ ಹಳ್ಳಿಗೆ ಹಿಂದಿರುಗಿ ತನ್ನ ಮೊದಲ ದೊಡ್ಡ ಚಿತ್ರವನ್ನು ತೆಗೆದನು. ಹೆಸರು ‘ಝೂರ್ ದ ಫೆತ್’, ಹಬ್ಬದ ದಿನ. ಕಥೆ ಎನ್ನುವಂಥದೇನೂ ಇಲ್ಲ. ಹಳ್ಳಿಗೆ ಜಾತ್ರೆಯ ಮೋಜಿನ ಗಾಡಿಗಳು ಬರುತ್ತವೆ. ಡೇರೆಯಲ್ಲಿ ತೋರಿಸಿದ ಒಂದು ಚಿತ್ರದಲ್ಲಿ ಅಮೆರಿಕದ ಅಂಚೆಯವರು ಹಾರಾಡಿಕೊಂಡು ಟಪಾಲು ಹಂಚುವುದನ್ನು ನೋಡಿದ ಹಳ್ಳಿಯ ಅಂಚೆಯ ಫ್ರಾಂಸ್ವಾ, ತಾನೇನು ಕಡಿಮೆ ಎಂದು ಸೈಕಲ್ಲೇರಿ ಹೊರಡುತ್ತಾನೆ. ಆ ಸೈಕಲ್ಲಾದರೂ ಎಂಥದು! ಸವಾರನನ್ನು ಬಿಟ್ಟು ತಾನೊಂದೇ ರಸ್ತೆಯುದ್ದಕ್ಕೂ ಓಡಿಹೋಗುವ ಆ ಸೈಕಲ್ಲು ಯಾವ ನಟನಿಗೂ ಕಡಿಮೆಯಲ್ಲ. ಹಳ್ಳಿಯ ಜನರೂ ಪಾತ್ರಧಾರಿಗಳು.

ಈ ಚಿತ್ರದ ಹಿಂದೆ ಒಂದು ದುಃಖದ ಸಂಗತಿಯಿತ್ತು. ಫ್ರಾನ್ಸಿನಲ್ಲಿ ಆಗತಾನೇ ಕಂಡುಹಿಡಿದಿದ್ದ ‘ತಾಂಸನ್ ಕಲರ್’ ಎಂಬ ವರ್ಣವಿಧಾನದಲ್ಲಿ ತಾತಿ ಇದನ್ನು ಚಿತ್ರೀಕರಿಸಿದನು. ಮುಂಜಾಗ್ರತೆಗಾಗಿ ಪಕ್ಕದಲ್ಲಿ ಕಪ್ಪು ಬಿಳುಪಿನ ಕ್ಯಾಮೆರಾ ಒಂದು ಓಡುತ್ತಿತ್ತು. ಆ ಮುನ್ನೆಚ್ಚರಿಕೆಯೇ ಆತನನ್ನು ಉಳಿಸಿತು. ಏಕೆಂದರೆ ತೆಗೆದ ವರ್ಣಚಿತ್ರವನ್ನು ಪ್ರದರ್ಶನಯೋಗ್ಯವಾಗಿ ಅಚ್ಚು ಹಾಕಿಕೊಡಲು ಆ ಸಂಸ್ಥೆಗೆ ಸಾಧ್ಯವೇ ಆಗಲಿಲ್ಲ. 1949ರಲ್ಲಿ ಜನರು ನೋಡಿದ್ದು ಕಪ್ಪು ಬಿಳುಪಿನ ಪ್ರತಿಯನ್ನು. ವೆನಿಸ್ಸಿನ ಉತ್ಸವದಲ್ಲಿ ಚಿತ್ರಕಥೆಗೆ ಬಹುಮಾನ ಬಂತು, ಹೆಸರು ಬಂತು. ಬಣ್ಣ ಮಾತ್ರ ಡಬ್ಬಿಯಲ್ಲೇ ಉಳಿಯಿತು. ಅದರ ಕಥೆಯನ್ನು ಮುಂದೆ ಹೇಳುತ್ತೇನೆ.

ಅಂಚೆಯವನ ಪಾತ್ರವನ್ನೇ ಮುಂದುವರಿಸಿದ್ದರೆ ಹಣ ಹರಿದು ಬರುತ್ತಿತ್ತು. ತಾತಿ ಅದನ್ನು ಕೈಬಿಟ್ಟು, 1953ರಲ್ಲಿ, ಬೇರೊಬ್ಬನನ್ನು ಲೋಕಕ್ಕೆ ಪರಿಚಯ ಮಾಡಿಕೊಟ್ಟನು. ಈತನೇ ಮೊಸ್ಯೂ ಯೂಲೊ. ಬರೆಯುವಾಗ ಈ ಹೆಸರಿನ ಮೊದಲಿಗೆ ಹಕಾರವುಂಟು. ನುಡಿಯುವಾಗ ಫ್ರೆಂಚರು ಅದನ್ನು ನುಂಗಿಬಿಡುತ್ತಾರೆ. ಹಕಾರವನ್ನು ನುಂಗುವ ವಿಷಯದಲ್ಲಿ ನಮ್ಮ ಹಳೆಯ ಮೈಸೂರಿನ ಕೆಲವು ಹಳ್ಳಿಗಳಿಗೂ ಪ್ಯಾರಿಸ್ಸಿಗೂ ನಂಟಿದ್ದಂತೆ ಕಾಣುತ್ತದೆ! ತಲೆಯ ಮೇಲೊಂದು ಪುಟ್ಟ ಹ್ಯಾಟು, ಬಾಯಲ್ಲಿ ಪೈಪು, ಮಳೆಗಾಲದ ಕೋಟು, ಕಣಕಾಲಿನ ಮೇಲೆಯೇ ನಿಂತುಹೋದ ಷರಾಯಿ, ಕೈಯಲ್ಲಿ ಛತ್ರಿ. ನಡೆಯುವಾಗ ದೇಹ ಮುಂದಕ್ಕೆ ವಾಲಿರುತ್ತದೆ, ಕಾಲು ತುದಿಬೆರಳ ಮೇಲೆ ಕುಪ್ಪಳಿಸುತ್ತದೆ. ಎಲ್ಲಿ ಇನ್ನೊಬ್ಬರಿಗೆ ಅಡ್ಡವಾಗುತ್ತೇನೋ ಎಂಬ ಸಂಕೋಚದಿಂದಲೇ ಎಲ್ಲರಿಗೂ ಅಡ್ಡವಾಗುವ ಜೀವ. ಮಾತು ಬಹಳ ವಿರಳ.

‘ಯೂಲೊ ಮಹಾಶಯನ ರಜಾದಿನಗಳು’ ಎಂಬ ಈ ಚಿತ್ರದಲ್ಲಿ ನಡೆಯುವುದಿಷ್ಟೆ: ಮಧ್ಯಮ ವರ್ಗದ ಸಂಸಾರಗಳು ಬೇಸಿಗೆಯ ರಜೆಗೆ ಸಮುದ್ರತೀರದ ಒಂದು ಹೋಟೆಲಿಗೆ ಬರುತ್ತವೆ, ಬೇಸರಪಡುತ್ತವೆ, ಹಿಂದಿರುಗುತ್ತವೆ. ಮೊದಲಿನಲ್ಲೇ ಒಂದು ರೈಲು ನಿಲ್ದಾಣದ ದೃಶ್ಯ. ಧ್ವನಿವರ್ಧಕದಲ್ಲಿ ಯಾರೋ ಏನನ್ನೋ ಘೋಷಿಸುತ್ತಾರೆ, ಒಂದಕ್ಷರವೂ ತಿಳಿಯುವುದಿಲ್ಲ. ಜನ ಗಂಟುಮೂಟೆಗಳೊಡನೆ ಒಂದು ಪ್ಲಾಟ್‌ಫಾರಂನಿಂದ ಇನ್ನೊಂದಕ್ಕೆ ಓಡುತ್ತಾರೆ. ರೈಲು ಮತ್ತೊಂದಕ್ಕೆ ಬರುತ್ತದೆ. ನಮ್ಮ ದೇಶದ ಪ್ರಯಾಣಿಕರಿಗೆ ಇದನ್ನು ವಿವರಿಸಬೇಕಾಗಿಲ್ಲವಷ್ಟೆ. ಮುಂದೆ ಯೂಲೊನ ಹಳೆಯ ಕಾರಿನ ಚಕ್ರದ ಟ್ಯೂಬಿಗೆ ಒದ್ದೆ ಎಲೆಗಳು ಅಂಟಿಕೊಂಡು, ಶವಸಂಸ್ಕಾರಕ್ಕೆ ಬಂದವರು ಅದನ್ನು ಪುಷ್ಪಚಕ್ರವೆಂದು ಗೌರವದಿಂದ ಸ್ವೀಕರಿಸುತ್ತಾರೆ. ಇವೆಲ್ಲ ಎಲ್ಲರೂ ಹೊಗಳುವ ಪ್ರಸಂಗಗಳು. ನನಗೆ ಅತ್ಯಂತ ಪ್ರಿಯವಾದದ್ದು ಬೇರೊಂದು. ಒಬ್ಬ ಪುಟ್ಟ ಬಾಲಕ ಎರಡೂ ಕೈಯಲ್ಲಿ ಒಂದೊಂದು ಐಸ್‌ಕ್ರೀಮ್ ಹಿಡಿದು ಮೆಟ್ಟಿಲು ಹತ್ತುತ್ತಾನೆ. ಬಾಗಿಲಿನ ಹಿಡಿ ಎತ್ತರದಲ್ಲಿದೆ. ಅದನ್ನು ತಿರುಗಿಸಬೇಕಾದರೆ ಕೈಯೂ ತಿರುಗಬೇಕು, ಕೈ ತಿರುಗಿದರೆ ಐಸ್‌ಕ್ರೀಮು ಬೀಳಬೇಕು. ಪ್ರೇಕ್ಷಕನ ಪ್ರಾಣ ಬಾಯಿಗೆ ಬರುತ್ತದೆ. ಹುಡುಗ ಹಿಡಿಯನ್ನು ತಿರುಗಿಸುತ್ತಾನೆ, ಏನೂ ಬೀಳುವುದಿಲ್ಲ, ಒಳಕ್ಕೆ ಹೋಗುತ್ತಾನೆ. ಅಷ್ಟೆ! ಬೇರಾವ ನಿರ್ದೇಶಕನಾಗಿದ್ದರೂ ಅದನ್ನು ಬೀಳಿಸಿ ನಗಿಸುತ್ತಿದ್ದನು.

ಹಾಸ್ಯರಸವನ್ನು ವಿವರಿಸುವಾಗ ಭರತಮುನಿಯು ಸ್ಮಿತ, ಹಸಿತ, ವಿಹಸಿತ, ಉಪಹಸಿತ, ಅಪಹಸಿತ, ಅತಿಹಸಿತ ಎಂದು ನಗೆಯಲ್ಲಿ ಆರು ಬಗೆಗಳನ್ನು ಹೇಳಿ, ಮೊದಲಿನೆರಡು ಉತ್ತಮರ ನಗೆ ಎಂದಿದ್ದಾನೆ. ತರಗತಿಯಲ್ಲಿ ಇದನ್ನು ಪಾಠ ಹೇಳುವಾಗಲೆಲ್ಲ ಸ್ಮಿತಕ್ಕೆ ಉದಾಹರಣೆ ಸಿಗದೆ ನಾನು ಒದ್ದಾಡುತ್ತಿದ್ದೆ. ಈಗ ಆ ಹುಡುಗನ ಐಸ್‌ಕ್ರೀಮನ್ನು ಹೇಳುತ್ತೇನೆ.

ಚಿತ್ರೀಕರಣದ ವೇಳೆ ಶಬ್ದವನ್ನು ತಾತಿ ಗಣನೆಗೇ ತರುತ್ತಿರಲಿಲ್ಲ. ಎಲ್ಲವನ್ನೂ ಚಿತ್ರೀಕರಿಸಿದ ಮೇಲೆ, ಬೇಕಾದ ಒಂದೊಂದು ಸದ್ದನ್ನೂ ಬೇರೆಯಾಗಿ ಸೃಷ್ಟಿಸಿ ಜೋಡಿಸುತ್ತಿದ್ದನು. ಆ ಹೋಟೆಲಿನ ಊಟದ ಮನೆಗೆ ಅತ್ತಿತ್ತ ತೂಗಾಡುವ ಒಂದು ಬಾಗಿಲಿದೆ; ಅದು ತೆರೆದು ಮುಚ್ಚಿದಾಗಲೆಲ್ಲ ತಂಬೂರಿಯ ದಪ್ಪ ತಂತಿ ಮೀಟಿದಂತೆ ಒಂದು ಸದ್ದು ಬರುತ್ತದೆ. ಚಿತ್ರ ಮುಗಿಯುವ ವೇಳೆಗೆ ಆ ಬಾಗಿಲು ನಮಗೆ ಪರಿಚಯದ ವ್ಯಕ್ತಿಯಾಗಿಬಿಡುತ್ತದೆ. ಇನ್ನು ಮಾತುಗಳೋ, ಅವು ಕೊಳಾಯಿಯ ನೀರಿನಂತೆ ಹಿಂದೆಲ್ಲೋ ಹರಿಯುವ ಗದ್ದಲ ಮಾತ್ರ. ಫ್ರೆಂಚ್ ಅರಿಯದವನಿಗೂ ಆತನ ಚಿತ್ರಗಳಲ್ಲಿ ನಷ್ಟವಾಗುವುದು ಅತ್ಯಲ್ಪ.

ಇದಕ್ಕೆ ನಮ್ಮ ತಾಯಿಯೇ ಸಾಕ್ಷಿ. 1958ರಲ್ಲಿ ಬಂದ ‘ಮೊನ್ ಓಂಕ್ಲ್’ ಚಿತ್ರವನ್ನು ಒಂದು ಭಾನುವಾರ ಮನೆಯಲ್ಲಿ ನೋಡುತ್ತಿದ್ದೆ. ಆ ಪದವನ್ನು ‘ನನ್ನ ಅಂಕಲ್’ ಎಂದರೆ ಕಥೆಯ ಸೊಗಸು ಕೆಡುತ್ತದೆ. ಯೂಲೊ ಇಲ್ಲಿ ತಾಯಿಯ ಒಡಹುಟ್ಟಿದವನು, ‘ನನ್ನ ಸೋದರಮಾವ’ ಎನ್ನಬೇಕು. ಅಕ್ಕರೆಯ ಈ ಮಾವನಿರುವುದು ಹಳೆಯ ಬಡಾವಣೆಯ ಮಾಳಿಗೆಯಲ್ಲಿ. ಕಿಟಕಿಯ ಗಾಜನ್ನು ಅಷ್ಟಿಷ್ಟು ಓರೆಮಾಡಿ ಬಿಸಿಲಿನ ಕೋಲನ್ನು ಎದುರುಮನೆಯ ಪಂಜರದ ಹಕ್ಕಿಯ ಮೇಲೆ ಬೀಳಿಸಿದರೆ ಅದು ಹಾಡುತ್ತದೆ. ಅವನ ವೈಭವವೆಲ್ಲ ಅಷ್ಟೆ. ಅಕ್ಕನ ಮನೆಯೋ ಯಂತ್ರಮಯ. ಬಾಗಿಲು, ಒಲೆ, ಪಾತ್ರೆ ಎಲ್ಲವೂ ಗುಂಡಿಗಳ ಆಜ್ಞಾಧಾರಕರು. ಅಂಗಳದಲ್ಲಿ ಬಾಯಿಂದ ನೀರು ಚಿಮ್ಮಿಸುವ ಲೋಹದ ಮೀನೊಂದು ನೆಟ್ಟಗೆ ನಿಂತಿದೆ. ಗಂಟೆ ಬಾರಿಸಿದೊಡನೆ ಗೃಹಿಣಿ ಓಡಿಬಂದು ಕಾರಂಜಿಯನ್ನು ಹಚ್ಚುತ್ತಾಳೆ. ಬಂದವನು ತಮ್ಮನೋ ಮಾರಾಟದವನೋ ಆಗಿದ್ದರೆ ಆರಿಸಿಬಿಡುತ್ತಾಳೆ. ಒಳಗಿನಿಂದ ಬಂದು ನಿಂತು ನೋಡುತ್ತಿದ್ದ ಅಮ್ಮ ಸೆರಗನ್ನು ಬಾಯಿಗೆ ಅಡ್ಡಹಿಡಿದು ನಕ್ಕು, “ನಮ್ಮನೇಲೂ ಬೀಗರು ಬಂದ್ರೆ ಮಾತ್ರ ತಾನೇನೋ ಬೆಳ್ಳಿ ಲೋಟ ಆಚೆ ಬರೋದು?” ಎಂದರು. ಫ್ರೆಂಚ್ ಹಾಗಿರಲಿ, ಇಂಗ್ಲಿಷೂ ಅವರಿಗೆ ಬಾರದು. ಕಡೆಯವರೆಗೂ ಕುಳಿತು ನೋಡಿದರು. ಭಾವನು ಕೆಲಸದ ನೆಪದಲ್ಲಿ ಯೂಲೊನನ್ನು ದೂರದ ಊರಿಗೆ ಸಾಗಹಾಕುವಾಗ ಅವರ ಮುಖದಲ್ಲಿ ನಗು ಇರಲಿಲ್ಲ.

ಈ ಚಿತ್ರಕ್ಕೆ ಕಾನ್ ಉತ್ಸವದಲ್ಲಿ ವಿಶೇಷ ಬಹುಮಾನವೂ, ಮರುವರ್ಷ ಪರಭಾಷಾ ಚಿತ್ರಕ್ಕೆ ಮೀಸಲಾದ ಅಮೆರಿಕದ ಆಸ್ಕರ್ ಪಾರಿತೋಷಕವೂ ಬಂದುವು. ಅಮೆರಿಕಕ್ಕೆ ಹೋದಾಗ ತಾತಿ ಕಾಣಬಯಸಿದ್ದು ಮೂಕಿಚಿತ್ರಗಳ ಕಾಲದ ವೃದ್ಧರನ್ನು: ಬಸ್ಟರ್ ಕೀಟನ್, ಸ್ಟಾನ್ ಲಾರೆಲ್, ಮ್ಯಾಕ್ ಸೆನೆಟ್.

ಇಲ್ಲಿಗೆ ನಿಂತಿದ್ದರೆ ತಾತಿಯ ಜೀವನ ಸುಖಾಂತ ನಾಟಕವಾಗುತ್ತಿತ್ತು. ಆದರೆ ಯಶಸ್ಸಿನಿಂದ ಬಂದ ಧೈರ್ಯ, ಹುಟ್ಟಿನಿಂದ ಬಂದ ಹಟ, ಎರಡೂ ಸೇರಿ ಮೊದಲಲ್ಲಿ ಹೇಳಿದ ಆ ಗಾಜಿನ ನಗರ ಎದ್ದಿತು. ‘ಪ್ಲೇಟೈಮ್’, ಆಟದ ಬಿಡುವು, ಎಂಬ ಚಿತ್ರಕ್ಕಾಗಿ ಆತನಿಗೆ ಬೇಕಾದದ್ದು ಹೊಸ ಪ್ಯಾರಿಸ್. ನಿಜವಾದ ವಿಮಾನ ನಿಲ್ದಾಣವನ್ನೂ ಕಚೇರಿಗಳನ್ನೂ ತಿಂಗಳುಗಟ್ಟಲೆ ಮುಚ್ಚಿಸಿ ಚಿತ್ರ ತೆಗೆಯುವುದು ಆಗದ ಮಾತು; ಆದ್ದರಿಂದ ಸುಮಾರು 15,000 ಚದರ ಮೀಟರ್ ನೆಲದಲ್ಲಿ ತಾನೇ ಕಟ್ಟಿಸಿದನು. ಬಿರುಗಾಳಿ ಒಮ್ಮೆ ಅದರ ಭಾಗಗಳನ್ನು ಕೆಡವಿತು. ಹಣ ಮುಗಿದು ಕೆಲಸ ನಿಂತಿತು, ಮತ್ತೆ ಸಾಲ ಹುಟ್ಟಿಸಿ ಮುಂದುವರಿಯಿತು. ಸಾಮಾನ್ಯ ಫಿಲ್ಮಿನ ಇಮ್ಮಡಿ ಅಗಲದ 70 ಮಿಲಿಮೀಟರ್ ಫಿಲ್ಮೇ ಬೇಕೆಂದು ಪಟ್ಟು. ಚಿತ್ರೀಕರಣ ಮುಗಿಯುವಷ್ಟರಲ್ಲಿ ಮೂರು ವರ್ಷ ಉರುಳಿದ್ದುವು. ತನ್ನ ಹಿಂದಿನ ಚಿತ್ರಗಳ ಹಕ್ಕುಗಳನ್ನೂ ಸಾಲಗಾರರಿಗೆ ಒತ್ತೆಯಿಟ್ಟಿದ್ದನು.

1967ರ ಡಿಸೆಂಬರಿನಲ್ಲಿ ಚಿತ್ರ ತೆರೆಕಂಡಿತು. ಜನ ಯೂಲೊನನ್ನು ಹುಡುಕಿದರು. ಯೂಲೊ ಇದ್ದನು, ಆದರೆ ಗುಂಪಿನಲ್ಲಿ ಒಬ್ಬನಾಗಿ. ಅವನಂತೆಯೇ ಕೋಟು ಛತ್ರಿಗಳನ್ನು ಧರಿಸಿದ ಬೇರೆಯವರೂ ಅಲ್ಲಲ್ಲಿ ಸುಳಿದು ನಮ್ಮನ್ನು ಏಮಾರಿಸುತ್ತಾರೆ. ನಾಯಕನೊಬ್ಬನೇ ನಗಿಸಿ ಉಳಿದವರು ಸುಮ್ಮನೆ ನಿಲ್ಲುವುದು ಅನ್ಯಾಯ, ಪರದೆಯ ಮೇಲಿರುವ ಪ್ರತಿಯೊಬ್ಬನೂ ನಗಿಸಬಲ್ಲನು ಎಂಬುದು ತಾತಿಯ ನಿಲುವು. ಮುಖವನ್ನು ಹತ್ತಿರದಿಂದ ತೋರಿಸುವ ಒಂದು ಚಿತ್ರಿಕೆಯೂ ಇಲ್ಲ. ದೊಡ್ಡ ಪರದೆಯಲ್ಲಿ ಏಕಕಾಲಕ್ಕೆ ನಾಲ್ಕು ಕಡೆ ನಾಲ್ಕು ವಿನೋದಗಳು. ನೋಡುವವನೇ ಹುಡುಕಿಕೊಳ್ಳಬೇಕು. ಜಾತ್ರೆಗೆ ಹೋದವನಿಗೆ ಇದು ಅಭ್ಯಾಸವೇ. ಟಿಕೆಟ್ಟು ಕೊಂಡು ಕುರ್ಚಿಯಲ್ಲಿ ಕುಳಿತವನಿಗೆ ಕಷ್ಟ.

ಅಮೆರಿಕದ ಪ್ರವಾಸಿ ಮಹಿಳೆಯರು ಪ್ಯಾರಿಸ್ ನೋಡಲು ಬಂದು, ಎಲ್ಲಿ ನೋಡಿದರೂ ತಮ್ಮೂರಿನಂಥ ಗಾಜಿನ ಪೆಟ್ಟಿಗೆಗಳನ್ನೇ ಕಾಣುತ್ತಾರೆ. ಐಫೆಲ್ ಗೋಪುರ ಅವರಿಗೆ ದೊರಕುವುದು ತೆರೆದ ಗಾಜಿನ ಬಾಗಿಲಿನಲ್ಲಿ ಮಿಂಚಿ ಮಾಯವಾಗುವ ಪ್ರತಿಬಿಂಬವಾಗಿ. ಉತ್ತರಾರ್ಧದಲ್ಲಿ ಒಂದು ಭಾರಿ ಉಪಾಹಾರಗೃಹದ ಪ್ರಾರಂಭೋತ್ಸವ ಬರುತ್ತದೆ. ಮುಕ್ಕಾಲು ಗಂಟೆಗೆ ಸಮೀಪವಾದ ಈ ಒಂದು ದೃಶ್ಯಕ್ಕಾಗಿಯೇ ಚಿತ್ರವನ್ನು ನೋಡಬೇಕು. ಬಣ್ಣ ಇನ್ನೂ ಒಣಗಿಲ್ಲ, ನೆಲದ ಬಿಲ್ಲೆ ಕಿತ್ತುಬರುತ್ತಿದೆ, ಅತಿಥಿಗಳು ಆಗಲೇ ಬರುತ್ತಿದ್ದಾರೆ. ಯೂಲೊ ಮುಗ್ಗರಿಸಿ ಮುಂಬಾಗಿಲಿನ ದೊಡ್ಡ ಗಾಜು ಚೂರುಚೂರಾಗುತ್ತದೆ. ದ್ವಾರಪಾಲಕನ ಕೈಯಲ್ಲಿ ಉಳಿದದ್ದು ಹಿತ್ತಾಳೆಯ ಹಿಡಿಯೊಂದೇ. ಅವನು ಎದೆಗುಂದದೆ, ಬಂದ ಬಂದ ಅತಿಥಿಗೆ ಆ ಹಿಡಿಯನ್ನೇ ಗಾಳಿಯಲ್ಲಿ ಹಿಡಿದು ಇಲ್ಲದ ಬಾಗಿಲನ್ನು ತೆರೆದು ಮುಚ್ಚುತ್ತಾನೆ. ಅತಿಥಿಗಳು ಗಂಭೀರವಾಗಿ ಒಳಗೆ ಹೋಗುತ್ತಾರೆ. ಸಂಗೀತಶಾಲೆಯ ಹಳೆಯ ಮೂಕಾಭಿನಯವೇ ಇದು, ಇಪ್ಪತ್ತನೆಯ ಶತಮಾನದ ಅತ್ಯಂತ ದುಬಾರಿ ರಂಗಸಜ್ಜಿಕೆಯೊಂದರಲ್ಲಿ! ರಾತ್ರಿ ಕಳೆದಂತೆ ಛಾವಣಿಯ ಅಲಂಕಾರ ಕುಸಿದು ಬೀಳುತ್ತದೆ. ಆಗ, ಮೊತ್ತಮೊದಲ ಬಾರಿಗೆ, ಜನ ಒಬ್ಬರನ್ನೊಬ್ಬರು ನೋಡಿ ನಗುತ್ತಾರೆ, ಹಾಡುತ್ತಾರೆ.

ವಿಮರ್ಶಕರಲ್ಲಿ ಕೆಲವರು ಮೆಚ್ಚಿದರು. ತ್ರ್ಯುಫೊ ಎಂಬ ನಿರ್ದೇಶಕನಂತೂ ಇದು ಬೇರೊಂದು ಗ್ರಹದಿಂದ ಬಂದ ಚಿತ್ರದಂತಿದೆ ಎಂದು ಕೊಂಡಾಡಿದನು. ಗಲ್ಲಾಪೆಟ್ಟಿಗೆ ಮಾತ್ರ ತುಂಬಲಿಲ್ಲ. ಎರಡೂವರೆ ಗಂಟೆ ಮೀರಿದ್ದ ಚಿತ್ರವನ್ನು ತಾತಿ ತಾನೇ ಕತ್ತರಿಸಿ ಕಿರಿದುಗೊಳಿಸಿದನು, ಆದರೂ ಉಪಯೋಗವಾಗಲಿಲ್ಲ. ಅಮೆರಿಕದಲ್ಲಿ ಅದು ತೆರೆಗೆ ಬಂದದ್ದು 1973ರಲ್ಲಿ. ಅಷ್ಟು ಹೊತ್ತಿಗೆ ಸಾಲ ಮನೆಯ ಬಾಗಿಲಿಗೆ ಬಂದಿತ್ತು. ಕಂಪನಿ ಮುಳುಗಿತು, ಸ್ಯಾಂ ಝೆರ್ಮೇನ್‌ನಲ್ಲಿದ್ದ ಕುಟುಂಬದ ಮನೆ ಕೈಬಿಟ್ಟಿತು, ಹಳೆಯ ಚಿತ್ರಗಳು ಸಾಲಗಾರರ ವಶವಾದುವು. ತಾತಿಪುರವನ್ನು ಉಳಿಸಿ ತರುಣ ಚಿತ್ರಕಾರರಿಗೆ ಕಾರ್ಯಾಗಾರವಾಗಿ ಬಿಟ್ಟುಕೊಡಬೇಕೆಂದು ಆತನು ಬೇಡಿಕೊಂಡನು. ಸರ್ಕಾರದವರು ಕೇಳಲಿಲ್ಲ. ನೆಲಸಮವಾಯಿತು.

ತಪ್ಪು ಯಾರದು? ಕಲಾವಿದನನ್ನು ಹೊಗಳಿ ಲೋಕವನ್ನು ಬಯ್ಯುವುದು ಲೇಖನ ಬರೆಯುವವರ ವಾಡಿಕೆ. ನನಗೆ ಹಾಗೆನ್ನಿಸುವುದಿಲ್ಲ. ಪ್ರೇಕ್ಷಕರು ಪ್ರೀತಿಸಿದ್ದ ಯೂಲೊನನ್ನು ತಾತಿ ಬೇಕೆಂದೇ ಅವರಿಂದ ಕಿತ್ತುಕೊಂಡನು; ಕಿತ್ತುಕೊಂಡದ್ದು ಸರಿಯೆಂದು ತಿಳಿಯಲು ಅವರಿಗೆ ಮೂವತ್ತು ವರ್ಷ ಹಿಡಿಯಿತು. ಲಂಡನ್ನಿನ ‘ಸೈಟ್ ಅಂಡ್ ಸೌಂಡ್’ ಪತ್ರಿಕೆ 2012ರಲ್ಲಿಯೂ 2022ರಲ್ಲಿಯೂ ಲೋಕದ ವಿಮರ್ಶಕರಿಂದ ಸಂಗ್ರಹಿಸಿದ ಅಭಿಪ್ರಾಯದಲ್ಲಿ ‘ಪ್ಲೇಟೈಮ್’ ಸರ್ವಕಾಲದ ಮೊದಲ ಐವತ್ತು ಚಿತ್ರಗಳೊಳಗೆ ನಿಂತಿತು. ಸಾಲ ಕೊಟ್ಟವರು ಅಷ್ಟು ಕಾಲ ಕಾಯುವುದಿಲ್ಲವಷ್ಟೆ.

ಮುಂದೆ 1971ರಲ್ಲಿ ‘ಟ್ರಾಫಿಕ್’ ಬಂತು. ಪ್ಯಾರಿಸ್ಸಿನಿಂದ ಆಮ್‌ಸ್ಟರ್‌ಡಾಮಿನ ವಾಹನ ಪ್ರದರ್ಶನಕ್ಕೆ ಒಂದು ಹೊಸ ಬಗೆಯ ಕಾರನ್ನು ಸಾಗಿಸುವ ಪರದಾಟ. ಅಲ್ಲಲ್ಲಿ ಮಿಂಚಿದರೂ ಹಿಂದಿನವುಗಳ ಎತ್ತರವಿಲ್ಲ. 1974ರ ‘ಪರಾಡ್’ ಸ್ವೀಡನ್ನಿನ ದೂರದರ್ಶನಕ್ಕಾಗಿ ಮಾಡಿದ ಸರ್ಕಸ್ ಚಿತ್ರ. ಅದರಲ್ಲಿ ಅರವತ್ತು ದಾಟಿದ ತಾತಿ ಯೂಲೊನ ವೇಷ ಕಳಚಿ, ತಾನು ತಾರುಣ್ಯದಲ್ಲಿ ಆಡುತ್ತಿದ್ದ ಟೆನಿಸ್, ಗೋಲು, ಗಾಳ, ಕುದುರೆಗಳನ್ನೇ ಮತ್ತೆ ಆಡಿ ತೋರಿಸುತ್ತಾನೆ. ಕುದುರೆಯ ಕಾಲು ಎಳ್ಳಷ್ಟೂ ತಪ್ಪಿಲ್ಲ. 1977ರಲ್ಲಿ ಫ್ರಾನ್ಸಿನ ಚಿತ್ರೋದ್ಯಮ ಗೌರವ ಸೆಜಾರ್ ಪ್ರಶಸ್ತಿಯನ್ನಿತ್ತಿತು. ‘ಕನ್‌ಫ್ಯೂಷನ್’ ಎಂಬ ಚಿತ್ರಕಥೆ ಕಾಗದದಲ್ಲೇ ಉಳಿಯಿತು. 1982ರ ನವೆಂಬರಿನಲ್ಲಿ ತಾತಿ ತೀರಿಕೊಂಡನು.

ಮಗಳು ಸೋಫಿ ತಾತಿಷೆಫ್ ಚಿತ್ರಸಂಕಲನವನ್ನೇ ವೃತ್ತಿಯಾಗಿ ಆರಿಸಿಕೊಂಡಿದ್ದಳು. ತಂದೆಯ ಮೊದಲ ಚಿತ್ರದ ವರ್ಣದ ಮೂಲಪ್ರತಿ ಉಳಿದುಕೊಂಡಿತ್ತು. ಛಾಯಾಗ್ರಾಹಕ ಫ್ರಾಂಸ್ವಾ ಎದ್ ಎಂಬಾತನೊಡನೆ ಸೇರಿ, 1947ರಲ್ಲಿ ಯಾರಿಂದಲೂ ಆಗದಿದ್ದ ಕೆಲಸವನ್ನು ಆಕೆ ಕೈಗೆತ್ತಿಕೊಂಡಳು. ಆ ಚಿತ್ರೀಕರಣದ ಕಾಲದಲ್ಲಿ ತಾತಿ ಮಾಡಿದ್ದ ಒಂದು ಏರ್ಪಾಡು ಕಪ್ಪು ಬಿಳುಪಿನಲ್ಲಿ ಯಾರಿಗೂ ಕಾಣುವಂತಿರಲಿಲ್ಲ. ಹಳ್ಳಿಯ ಎಷ್ಟೋ ಬಾಗಿಲುಗಳಿಗೆ ಆತನು ಬೂದುಬಣ್ಣ ಬಳಿಸಿದ್ದನು, ಹಳ್ಳಿಗರಿಗೆ ಮಾಸಲು ಉಡುಪು ತೊಡಿಸಿದ್ದನು; ಜಾತ್ರೆಯ ಗಾಡಿಗಳು ಬಂದಾಗ ಅವುಗಳೊಂದಿಗೇ ಬಣ್ಣವೂ ಊರೊಳಗೆ ಬರಲಿ, ಅವು ಹೊರಟಾಗ ಅದೂ ಹೊರಟುಹೋಗಲಿ ಎಂದು. 1995ರಲ್ಲಿ ಆ ಚಿತ್ರ ವರ್ಣದಲ್ಲಿ ತೆರೆಗೆ ಬಂತು. ಮರದ ಕುದುರೆಗಳನ್ನು ಹೇರಿಕೊಂಡ ಗಾಡಿ ಸ್ಯಾಂತ್ ಸೆವೇರಿನ ಬೂದು ಚೌಕದೊಳಕ್ಕೆ ತಿರುಗುತ್ತದೆ. ಹಿಂದೆ ಒಬ್ಬ ಹುಡುಗ ಕುಣಿದುಕೊಂಡು ಓಡಿಬರುತ್ತಾನೆ.